ಮೆಕ್ಸಿಕೋದಿಂದ: ಲೂಯಿಸ್ ಆಲ್ಕೊರೀಸಾ ಎಂಬ ಚಿತ್ರಕಥೆಗಾರ

ಇಲ್ಲಿ ಮೆಕ್ಸಿಕೋ ಸಿಟಿಯ ಸಿನೆತೇಕಾ ನಾಸಿಯೊನಾಲ್ ಎಂಬ ರಾಷ್ಟ್ರೀಯ ಚಿತ್ರಾಗಾರದಲ್ಲಿ 1940–50ರ ದಶಕದ ಕಪ್ಪುಬಿಳುಪು ಚಿತ್ರ ನೋಡುವವರು ಶುರುವಿನ ಹೆಸರುಗಳನ್ನು ಗಮನವಿಟ್ಟು ಓದಬೇಕು. ‘ಆರ್ಗುಮೆಂತೊ’ ಎಂದು ಒಬ್ಬರು, ‘ಅದಾಪ್ತಾಸಿಯೋನ್’ ಎಂದು ಇನ್ನೊಬ್ಬರು, ‘ದಿಯಾಲೊಗೊಸ್’ ಎಂದು ಮತ್ತೊಬ್ಬರು ಬರುವುದುಂಟು. ನಮ್ಮ ಚಿತ್ರಗಳ ಕಥೆ–ಚಿತ್ರಕಥೆ–ಸಂಭಾಷಣೆಗೆ ಹತ್ತಿರದ ವಿಂಗಡಣೆ ಇದು. ಹೀಗಾಗಿ ಆ ಕಾಲದ ಬರಹಗಾರನ ಕೆಲಸ ಎಷ್ಟೆಂದು ತಿಳಿಯಲು ಚಿತ್ರಗಳ ಪಟ್ಟಿ ಸಾಲದು, ಯಾವ ಸಾಲಿನಲ್ಲಿ ಅವನ ಹೆಸರಿದೆ ಎಂದೂ ನೋಡಬೇಕು.

ಲೂಯಿಸ್ ಆಲ್ಕೊರೀಸಾ 1918ರಲ್ಲಿ ಸ್ಪೇನಿನ ಬದಾಹೋಸ್‌ನಲ್ಲಿ ನಾಟಕದವರ ಕುಟುಂಬದಲ್ಲಿ ಹುಟ್ಟಿದವರು. ಅಂತರ್ಯುದ್ಧದ ನಂತರ ದೇಶ ಬಿಟ್ಟು ಮೆಕ್ಸಿಕೋದಲ್ಲಿ ನೆಲೆಸಿದರು. ಮೊದಲು ನಟ, ಯೇಸುವಿನ ಪಾತ್ರವನ್ನೂ ಮಾಡಿದ್ದಾರೆ. ಆಮೇಲೆ ಹೆಂಡತಿ ಜಾನೆಟ್ ಜೊತೆ ಸೇರಿ ಬರೆಯತೊಡಗಿದರು. ಜಾನೆಟ್ ಹೆಸರು ಚರ್ಚೆಗಳಲ್ಲಿ ಬಿಟ್ಟುಹೋಗುವುದೇ ಹೆಚ್ಚು, ಅದು ತಪ್ಪು.

1949ರ ‘ಎಲ್ ಗ್ರಾನ್ ಕಲವೇರಾ’ ಗಂಡಹೆಂಡತಿ ಇಬ್ಬರ ಬರವಣಿಗೆ, ಲೂಯಿಸ್ ಬುನ್ಯುಯೆಲ್ ನಿರ್ದೇಶನ. ಮೂಲ ಆದೊಲ್ಫೊ ತೊರ್ರಾದೊ ಅವರ ನಾಟಕ. ಕುಡಿದು ದುಡ್ಡು ಹಾಳುಮಾಡುವ ಶ್ರೀಮಂತನಿಗೆ ಬುದ್ಧಿ ಬರಲೆಂದು ಮನೆಯವರು ಆಸ್ತಿಯೆಲ್ಲ ಹೋಯಿತೆಂದು ನಂಬಿಸುತ್ತಾರೆ. ಗುಟ್ಟು ತಿಳಿದ ಅವನು ಅದೇ ನಾಟಕವನ್ನು ಅವರ ಮೇಲೆಯೇ ತಿರುಗಿಸುತ್ತಾನೆ. ಶ್ರೀಮಂತನ ಮಗಳ ಪ್ರೇಮಿಯ ಉದ್ಯೋಗ ಧ್ವನಿವರ್ಧಕದ ಗಾಡಿಯಲ್ಲಿ ಜಾಹೀರಾತು ಕೂಗುವುದು. ಕೊನೆಯ ಮದುವೆಯಲ್ಲಿ ಪಾದ್ರಿಯ ಉಪದೇಶದ ನಡುನಡುವೆ ಹೊರಗಿನಿಂದ ಅವನ ಜಾಹೀರಾತು ತೂರಿಬರುತ್ತದೆ. ಪಾತ್ರಕ್ಕೆ ಕೊಟ್ಟ ಕಸುಬನ್ನು ಕಡೆಯ ದೃಶ್ಯದವರೆಗೂ ದುಡಿಸಿಕೊಂಡ ಈ ಜಾಣ್ಮೆ ಬರೆಯುವವರು ಕಲಿಯಬೇಕಾದ್ದು.

ಚಿತ್ರ ಓಡಿತು. ಅದರ ಬಲದಿಂದಲೇ ನಿರ್ಮಾಪಕ ಆಸ್ಕರ್ ಡಾನ್ಸಿಗರ್ಸ್ ಬಡ ಮಕ್ಕಳ ಬಗ್ಗೆ ಚಿತ್ರ ಮಾಡಲು ಒಪ್ಪಿದರು. ಅದು ‘ಲೊಸ್ ಒಲ್ವಿದಾದೊಸ್’. ಬರೆಯುವ ಮೊದಲು ಬುನ್ಯುಯೆಲ್ ಹಳೇ ಬಟ್ಟೆ ತೊಟ್ಟು ನಗರದ ಬಡ ಕೇರಿಗಳಲ್ಲಿ ತಿಂಗಳುಗಟ್ಟಲೆ ಅಲೆದರು. ಕೆಲವೊಮ್ಮೆ ಜೊತೆಗೆ ಆಲ್ಕೊರೀಸಾ, ಕೆಲವೊಮ್ಮೆ ಕಲಾನಿರ್ದೇಶಕ ಎಡ್ವರ್ಡ್ ಫಿಟ್ಜ್‌ಜೆರಾಲ್ಡ್. ಬಾಲಾಪರಾಧಿಗಳ ಕಡತಗಳನ್ನೂ ಓದಿದರು. ಕಸದ ರಾಶಿಯಲ್ಲಿ ಹುಡುಗನ ಹೆಣ ಸಿಕ್ಕಿತೆಂಬ ಪತ್ರಿಕಾ ಸುದ್ದಿಯೇ ಚಿತ್ರದ ಅಂತ್ಯಕ್ಕೆ ಆಧಾರವಾಯಿತು.

ಕಷ್ಟ ಬಂದದ್ದು ಮಾತಿನಲ್ಲಿ. ಬರೆಯುವವರಿಬ್ಬರೂ ಸ್ಪೇನಿನವರು. ಸ್ಪ್ಯಾನಿಷ್ ತಾಯ್ನುಡಿಯೇ ಆದರೂ ಇಲ್ಲಿನ ಬೀದಿ ಹುಡುಗರ ಬಾಯಿ ಬೇರೆ. ಮಂಡ್ಯದ ಪಡ್ಡೆ ಹುಡುಗನ ಮಾತನ್ನು ಧಾರವಾಡದವರು ಕೂತು ಬರೆದ ಹಾಗಾದೀತು. ಅದಕ್ಕೆ ಕರೆಸಿದ್ದು ಪೇದ್ರೊ ದೆ ಉರ್ದಿಮಾಲಾಸ್ ಅವರನ್ನು, ‘ನೊಸೊತ್ರೊಸ್ ಲೊಸ್ ಪೊಬ್ರೆಸ್’ ಚಿತ್ರಕ್ಕೆ ಬರೆದು ಹೆಸರಾದವರು. ಅವರು ಮಾತುಗಳನ್ನು ತಿದ್ದಿಕೊಟ್ಟರು, ಆದರೆ ಚಿತ್ರದಲ್ಲಿ ತಮ್ಮ ಹೆಸರು ಬೇಡವೆಂದರು. ಮಗನಿಗೆ ತಾಯಿ ಊಟ ಕೊಡದ ದೃಶ್ಯ ಕಂಡು ಕೇಶಾಲಂಕಾರದವಳು ಕೆಲಸ ಬಿಟ್ಟುಹೋದಳೆಂದು ಬುನ್ಯುಯೆಲ್ ಬರೆದುಕೊಂಡಿದ್ದಾರೆ. ಮೆಕ್ಸಿಕೋದ ತಾಯಂದಿರು ಹಾಗಿಲ್ಲ ಎಂಬುದು ಅವಳ ಸಿಟ್ಟು.

ಚಿತ್ರೀಕರಣ ಮುಗಿದದ್ದು 21 ದಿನಗಳಲ್ಲಿ. 1950ರ ನವೆಂಬರಿನಲ್ಲಿ ತೆರೆಕಂಡು ಕೆಲವೇ ದಿನಗಳಲ್ಲಿ ಇಳಿಯಿತು. ಮರುವರ್ಷ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಬುನ್ಯುಯೆಲ್‌ಗೆ ನಿರ್ದೇಶನದ ಪ್ರಶಸ್ತಿ ಬಂದ ಮೇಲೆ ಇಲ್ಲಿಯವರ ನೋಟ ಬದಲಾಯಿತು. ಇದಕ್ಕೆ ಇನ್ನೊಂದು ಅಂತ್ಯವನ್ನೂ ಚಿತ್ರೀಕರಿಸಿದ್ದರು. ಅದು ದಶಕಗಳ ನಂತರ ಉನಾಮ್ ವಿಶ್ವವಿದ್ಯಾಲಯದ ಚಿತ್ರಾಗಾರದಲ್ಲಿ ಸಿಕ್ಕಿತು. ಅದರಲ್ಲಿ ಸಾಯುವುದು ಪುಂಡ ಹಾಯ್ಬೊ. ಚಿತ್ರದ ಹುಡುಗ ಪೇದ್ರೊ, ಸುಧಾರಣಾ ಶಾಲೆಯವರು ನಂಬಿ ಕೊಟ್ಟಿದ್ದ 50 ಪೆಸೊ ನೋಟು ಹಿಡಿದು ಅಲ್ಲಿಗೇ ಮರಳುತ್ತಾನೆ. ಎರಡನ್ನೂ ಒಟ್ಟಿಗೆ ನೋಡಿ. ಒಳ್ಳೆಯ ಅಂತ್ಯ ಇಡೀ ಚಿತ್ರವನ್ನೇ ಹೇಗೆ ಸಡಿಲಗೊಳಿಸುತ್ತದೆ ಎಂದು ತಿಳಿಯುತ್ತದೆ.

ಆಲ್ಕೊರೀಸಾ–ಬುನ್ಯುಯೆಲ್ ಜೋಡಿ ‘ಎಲ್’ (1953), ‘ಎಲ್ ಆಂಹೆಲ್ ಎಕ್ಸ್‌ತೆರ್ಮಿನದೋರ್’ (1962) ತನಕ ನಡೆಯಿತು. ಅಷ್ಟರಲ್ಲಿ ಆಲ್ಕೊರೀಸಾ ತಾವೇ ನಿರ್ದೇಶಕರಾಗಿದ್ದರು. ‘ತ್ಲಾಯುಕಾನ್’ ಆಸ್ಕರ್‌ನ ವಿದೇಶಿ ಭಾಷಾ ಚಿತ್ರ ವಿಭಾಗಕ್ಕೆ ನಾಮನಿರ್ದೇಶನಗೊಂಡಿತು. ನಂತರದ ‘ತಿಬುರೊನೇರೊಸ್’ ಶಾರ್ಕ್ ಹಿಡಿಯುವವರದು, ‘ತರಾಉಮಾರಾ’ ಉತ್ತರದ ಬೆಟ್ಟಗಳ ಮೂಲನಿವಾಸಿಗಳದು. ನಗರದ ಮಧ್ಯಮವರ್ಗವನ್ನು ತರಾಟೆಗೆ ತೆಗೆದುಕೊಂಡ ‘ಮೆಕಾನಿಕಾ ನಾಸಿಯೊನಾಲ್’ ಬಂದದ್ದು 1972ರಲ್ಲಿ. ಅಷ್ಟೊತ್ತಿಗೆ ಇಲ್ಲಿನವರ ಬೈಗುಳವೂ ಹಾಸ್ಯವೂ ಅವರ ಬರವಣಿಗೆಯಲ್ಲಿ ಸಲೀಸಾಗಿ ಹರಿಯುತ್ತಿದ್ದವು.