ಟೇಲರ್ ಅಕ್ಕನ ಸಾಕ್ಷ್ಯಚಿತ್ರ: ಈಗ ಎಲ್ಲಿಗೆ ಬಂತು

ಶೂಟಿಂಗ್ ಹೆಚ್ಚೂಕಡಿಮೆ ಮುಗಿದಿದೆ, ಎಡಿಟಿಂಗ್‌ಗೆ ಕೂತಿದ್ದೇನೆ. ಮೊದಲ ಸಲ ಓದುವವರಿಗೆ ಎರಡು ಮಾತು. ಕಲಬುರಗಿಯ ಬ್ರಹ್ಮಪುರದಲ್ಲಿ ಬ್ಲೌಸ್ ಹೊಲಿಯುವ ಒಬ್ಬ ಅಕ್ಕನ ಬಗ್ಗೆ ಬಿಡುವಿದ್ದಾಗ ಮಾಡುತ್ತಿರುವ ಚಿತ್ರ ಇದು. ಅವರಿಗೆ ರುಮಟಾಯ್ಡ್ ಆರ್ಥ್ರೈಟಿಸ್. ಮೈಯನ್ನು ಕಾಯಬೇಕಾದ ರೋಗನಿರೋಧಕ ವ್ಯವಸ್ಥೆಯೇ ಕೀಲುಗಳ ಮೇಲೆ ತಿರುಗಿ ಬೀಳುವ ಕಾಯಿಲೆ. ಸಾಮಾನ್ಯವಾಗಿ ಬೆರಳು, ಮಣಿಕಟ್ಟು ಮೊದಲು ಹಿಡಿಯುತ್ತದೆ. ಟೇಲರ್‌ಗೆ ಇರುವ ಆಸ್ತಿಯೇ ಅದು, ಅಲ್ವಾ?

ಸೌಂಡ್‌ದೇ ದೊಡ್ಡ ತಲೆನೋವು. ಬೇಸಿಗೆಯಲ್ಲಿ ಇಲ್ಲಿ 42 ಡಿಗ್ರಿ ದಾಟುತ್ತದೆ. ಕೂಲರ್ ಹಾಕಿದರೆ ಮೈಕ್‌ನಲ್ಲಿ ಬರೀ ಗುರ್ ಅನ್ನುತ್ತದೆ, ಆರಿಸಿದರೆ ಕೂರೋಕಾಗಲ್ಲ. ಹಾಗಾಗಿ ಬೆಳಿಗ್ಗೆ ಎಂಟರೊಳಗೇ ಮಾತು ಮುಗಿಸುತ್ತಿದ್ದೆವು. ಕೈ ತೀರಾ ಬಿಗಿದ ದಿನ ಅಕ್ಕ ಫೋನ್ ಮಾಡಿ ಬೇಡ ಅನ್ನುತ್ತಿದ್ದರು. ಒಂದಿನ ಅವರೇ ಹೇಳಿದರು: "ನನ್ನ ಕೈ ಚಲೋ ಇದ್ದ ದಿನಾನೇ ಬರ್ತೀರಿ. ಸಿನಿಮಾ ನೋಡ್ದೋರು, ಇಕಿಗಿ ಏನಾಗ್ಯಾದ ಅಂತಾರ ನೋಡ್ರಿ."

ಮಾತು ಸರಿಯಾಗಿತ್ತು. ನೋವಿನ ದಿನ ನಾವು ಹೋಗಿ ಕೂರುವುದೂ ಅವರಿಗೆ ಭಾರವೇ. ಅದಕ್ಕೆ ಒಂದು ಹಳೆ ಫೋನನ್ನು ಸ್ಟ್ಯಾಂಡಿಗೆ ಹಾಕಿ ಅವರ ಮನೆಯಲ್ಲೇ ಬಿಟ್ಟೆ. ಕರೆ ಬಂದು ರೆಕಾರ್ಡಿಂಗ್ ನಿಲ್ಲಬಾರದು ಅಂತ ಏರ್‌ಪ್ಲೇನ್ ಮೋಡ್. ಅಕ್ಕ ಹೇಳಿದ ದಿನ ಮಗಳು ಕಾಲೇಜಿಗೆ ಹೋಗುವ ಮುಂಚೆ ಒತ್ತಿ ಹೋಗುತ್ತಾಳೆ. ಯಾವುದು ಇಟ್ಟುಕೊಳ್ಳಬೇಕು, ಯಾವುದು ಅಳಿಸಬೇಕು ಅನ್ನೋದು ಅಕ್ಕನ ಕೈಯಲ್ಲೇ ಇದೆ.

ಈಗ ಚಿತ್ರದ ಜೀವ ಇರುವುದು ಆ ಫೋನಿನಲ್ಲಿ. ಬಿಸಿನೀರಿನ ಬೋಗುಣಿಯಲ್ಲಿ ಕೈ ಅದ್ದಿ ಕೂರುತ್ತಾರೆ. ಆಮೇಲೆ ಕತ್ತರಿ ಎತ್ತುತ್ತಾರೆ. ಹಿಡಿಕೆಗೆ ಸೈಕಲ್ ಟ್ಯೂಬ್ ಸುತ್ತಿ ದಪ್ಪ ಮಾಡಿದ್ದಾರೆ. ಬೆರಳು ತೂರಿಸುವುದಿಲ್ಲ, ಕತ್ತರಿಯನ್ನು ಮೇಜಿನ ಮೇಲಿಟ್ಟು ಅಂಗೈ ಬುಡದಿಂದ ಒತ್ತುತ್ತಾರೆ. ಬಟ್ಟೆ ಅರ್ಧ ಇಂಚು ಕತ್ತರಿಸುತ್ತದೆ. ನಿಲ್ಲಿಸುತ್ತಾರೆ. ಮತ್ತೆ ಒತ್ತುತ್ತಾರೆ. ಪಕ್ಕದ ಮನೆಯಲ್ಲಿ ಯಾರೋ ರೊಟ್ಟಿ ಬಡಿಯುತ್ತಿರುವ ಸದ್ದು ಉದ್ದಕ್ಕೂ ಕೇಳುತ್ತದೆ. ಅಕ್ಕ ತಾವು ರೊಟ್ಟಿ ಬಡಿಯೋದು ಬಿಟ್ಟು ಎಷ್ಟೋ ಕಾಲವಾಯಿತು.

ಎಡಿಟಿಂಗ್‌ಗೆ ಕೂತ ಗೆಳೆಯ ಈ ಶಾಟ್ ಫಾಸ್ಟ್ ಮಾಡೋಣ, ಕೆಳಗೆ ಕೊಳಲು ಹಾಕೋಣ ಅಂದ. ಎರಡೂ ಬೇಡ ಅಂದೆ. ಸಾವಕಾಶವೇ ಇಲ್ಲಿ ವಿಷಯ. ಕೊಳಲು ಬಂತೆಂದರೆ ನೋಡುವವರು ಅಯ್ಯೋ ಪಾಪ ಅಂದು ಸುಮ್ಮನಾಗುತ್ತಾರೆ.

ಅಕ್ಕನ ವಿಕಲಚೇತನರ ಸರ್ಟಿಫಿಕೇಟ್ ಬಗ್ಗೆ ಇರುವ ಭಾಗ ಇನ್ನೂ ಕೂಡಿಲ್ಲ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯ ಪಟ್ಟಿಯಲ್ಲಿ 21 ಬಗೆಗಳಿವೆ. ದೀರ್ಘಕಾಲದ ನೋವು ಅಂತ ಬೇರೆಯಾಗಿ ಅದರಲ್ಲಿಲ್ಲ. ಕೈಕಾಲಿನ ವೈಕಲ್ಯ ಅಳೆಯುವಾಗ ಕೀಲು ಎಷ್ಟು ಮಡಚುತ್ತದೆ, ಬಲ ಎಷ್ಟಿದೆ ಅಂತ ನೋಡುತ್ತಾರೆ. ಎಷ್ಟೋ ಸೌಲಭ್ಯಗಳಿಗೆ ವೈಕಲ್ಯ ಕನಿಷ್ಠ ಶೇ 40 ಆಗಲೇಬೇಕು. ಈ ಕಾಯಿಲೆಯಲ್ಲಿ ಬಿಗಿತ ಜಾಸ್ತಿ ಇರುವುದು ಬೆಳಿಗ್ಗೆ, ತಾಸುಗಟ್ಟಲೆ. ಅಕ್ಕನನ್ನು ತಪಾಸಣೆಗೆ ಕರೆದದ್ದು ಮಧ್ಯಾಹ್ನ. ಅಷ್ಟೊತ್ತಿಗೆ ಬೆರಳು ಸಡಿಲ ಆಗಿರುತ್ತದೆ. "ಮುಂಜಾನೆ ಆರಕ್ಕ ನಮ್ಮನಿಗಿ ಬರ್ರಿ ಅಂತ ಡಾಕ್ಟರಿಗಿ ಹೇಳ್ಲಿಕ್ಕಾಗ್ತದೇನ್ರಿ?" ಅಂತ ನಗುತ್ತಾರೆ. ಈ ಮಾತನ್ನು ಕತ್ತರಿ ಶಾಟ್‌ನ ಹಿಂದೆ ಇಡಬೇಕೋ ಮುಂದೆ ಇಡಬೇಕೋ ಇನ್ನೂ ತಿಳಿಯುತ್ತಿಲ್ಲ.

ಬಾಕಿ ಇರುವುದು ಕನ್ನಡ ಸಬ್‌ಟೈಟಲ್, ಆಮೇಲೆ ತೋರಿಸೋಕೆ ಜಾಗ. ಕೇಳಿದ ಹಾಲ್ ಒಂದು ಮೊದಲ ಮಹಡಿಯಲ್ಲಿದೆ, ಲಿಫ್ಟ್ ಇಲ್ಲ. ಅದು ಬೇಡ. ರಫ್ ಕಟ್ (ಚಿತ್ರದ ಕರಡು ಜೋಡಣೆ) ಮೊದಲು ಅಕ್ಕನಿಗೆ ತೋರಿಸುತ್ತೇನೆ. ಲ್ಯಾಪ್‌ಟಾಪ್ ಅವರ ಮನೆಗೇ ತಗೊಂಡು ಹೋಗ್ತೀನಿ, ಬೇಡ ಅಂದದ್ದನ್ನು ಅಲ್ಲೇ ಕೂತು ತೆಗೆಯಬಹುದು.