ಹತ್ತಿ ಸುಗ್ಗಿ, ಹಾಜರಿ ಪುಸ್ತಕ

19 ನವೆಂಬರ್ 2025, ಬುಧವಾರ, ರಾತ್ರಿ

ಹತ್ತನೇ 'ಬಿ' ಹುಡುಗಿಯ ಆಯಿ, ಅಂದರೆ ಅಜ್ಜಿ, ಇವತ್ತು ಮತ್ತೆ ಬಂದಿದ್ದಳು. ಚಪ್ಪಲಿ ಹೊರಗೆ ಬಿಟ್ಟು ಬಾಗಿಲ ಮರೆಗೆ ನಿಂತಿದ್ದಳು. ಒಳಗೆ ಕರೆದು ಕುರ್ಚಿ ತೋರಿಸಿದರೆ ನೆಲದ ಮೇಲೇ ಕೂತಳು.

"ದೊಡ್ಡಕ್ಕೋರೆ, ಆಕಿ ಹೆಸರು ಹೊಡೀಬ್ಯಾಡ್ರಿ. ಹತ್ತಿ ಮುಗಿಯೋತನಕ ಅಷ್ಟ. ಆಮ್ಯಾಗ ನಾನ ಕೈ ಹಿಡಿದು ಕರ್ಕೊಂಡ್ ಬಂದು ಬಿಡ್ತೀನಿ."

"ಯಾವಾಗ ಮುಗೀತದ ಆಯಿ?"

"ಸಂಕ್ರಾಂತಿಗಿ."

ಸಂಕ್ರಾಂತಿ! ಮಾರ್ಚ್ 18ಕ್ಕೆ ಎಸ್ಸೆಸ್ಸೆಲ್ಸಿ ಪರೀಕ್ಷೆ-1 ಶುರು.

ಸೆಪ್ಟೆಂಬರ್ ಕೊನೆಯಲ್ಲಿ ಭೀಮೆ ಉಕ್ಕಿ ಬಂದಾಗ ಇವರ ಮೂರು ಎಕರೆ ಹತ್ತಿ ನೀರಲ್ಲಿ ನಿಂತು ಕೊಳೆತುಹೋಯಿತು. ಬೀಜ, ಗೊಬ್ಬರದ ಅಂಗಡಿಯ ಉದ್ರಿ ಮಾತ್ರ ಹಾಗೇ ಉಳಿಯಿತು. ದೀಪಾವಳಿ ಮುಗಿದದ್ದೇ ತಡ, ತಂದೆ ತಾಯಿ ಬೆಂಗಳೂರಿಗೆ ಗುಳೆ ಹೋದರು, ಗಾರೆ ಕೆಲಸಕ್ಕೆ. ಮನೆಯಲ್ಲಿ ಈ ಆಯಿ, ಹುಡುಗಿ, ಇಬ್ಬರು ಸಣ್ಣ ತಮ್ಮಂದಿರು. ಬೆಳಿಗ್ಗೆ ಏಳಕ್ಕೆ ಊರ ಅಗಸಿ ಮುಂದೆ ಕೂಲಿಯವರನ್ನು ಒಯ್ಯುವ ಕ್ರೂಸರ್ ಗಾಡಿ ಬರುತ್ತದೆ. ಎತ್ತರದ ಹೊಲಗಳಲ್ಲಿ ಬೆಳೆ ಉಳಿಸಿಕೊಂಡವರಿಗೆ ಈಗ ಕೈ ಬೇಕು, ಕಿಲೋ ಲೆಕ್ಕದಲ್ಲಿ ಕೂಲಿ.

"ಎಷ್ಟು ಬಿಡಿಸ್ತಾಳ?" ಅಂತ ಕೇಳಿಬಿಟ್ಟೆ.

"ದಿನಾ ಮೂವತ್ತು ಕಿಲೋರಿ. ಸೋಮವಾರ ಮೂವತ್ತೈದು!"

ಮಗಳ ಅಂಕ ಹೇಳುವಾಗ ತಾಯಂದಿರ ದನಿಯಲ್ಲಿ ಬರುತ್ತದಲ್ಲ ಒಂದು ಹೆಮ್ಮೆ, ಅದೇ ಹೆಮ್ಮೆ. ನಾನು ತಲೆ ತಗ್ಗಿಸಿ ಹಾಜರಿ ಪುಸ್ತಕ ತೆಗೆದೆ.

ಹೋದ ಶನಿವಾರ ಹುಡುಗಿ ಶಾಲೆಗೆ ಬಂದಿದ್ದಳು. ಗಣಿತದ ಹುದ್ದೆ ಖಾಲಿಯಿರುವುದರಿಂದ 'ಬಿ' ವಿಭಾಗಕ್ಕೆ ನಾನೇ ಪಾಠ ಮಾಡುತ್ತಿದ್ದೇನೆ. ಥೇಲ್ಸ್ ಪ್ರಮೇಯದ ಚಿತ್ರ ಬರೆಯುವಾಗ ಅವಳು ತೋರುಬೆರಳನ್ನು ಮೇಲಕ್ಕೆತ್ತಿಟ್ಟು, ಹೆಬ್ಬೆರಳು ನಡುಬೆರಳ ಸಂದಿಯಲ್ಲಿ ಪೆನ್ಸಿಲ್ ಹಿಡಿದಿದ್ದಳು. ಹತ್ತಿರ ಹೋಗಿ ನೋಡಿದೆ. ಉಗುರಿನ ಸುತ್ತ ಚರ್ಮ ಸುಲಿದು, ಅರಿಶಿನ ಹಚ್ಚಿ, ಅದರ ಮೇಲೆ ದಾರ ಸುತ್ತಿದ್ದಳು. ಒಡೆದ ಹತ್ತಿಕಾಯಿಯ ಒಣ ತುದಿ ಮುಳ್ಳಿಗಿಂತ ಕಡೆ. ಅಷ್ಟಾದರೂ ಗೆರೆ ಒಂದಿಷ್ಟೂ ಸೊಟ್ಟ ಇರಲಿಲ್ಲ. "ಸಮಾಂತರ ಅಂತ ಹೆಂಗ ಗೊತ್ತಾತು?" ಅಂದರೆ "ಭಾಗ ಸಮ ಅದಾವಲ್ರಿ" ಅಂದಳು. ಕಲಿಯಬಲ್ಲ ಮಗು ಅದು.

ತಪ್ಪು ಅವಳದ್ದಂತೂ ಅಲ್ಲ. ಸೆಪ್ಟೆಂಬರ್ 20ರಿಂದ ದಸರಾ ರಜೆ, ಸರ್ಕಾರದ ಜಾತಿ ಸಮೀಕ್ಷೆ ಮುಗಿಯಲಿಲ್ಲವೆಂದು ಅದು ಅಕ್ಟೋಬರ್ 18ರವರೆಗೆ ಹೋಯಿತು, ಬೆನ್ನಿಗೇ ದೀಪಾವಳಿ. ನಮ್ಮ ಮಾಸ್ತರುಗಳು ಮನೆಮನೆ ಸುತ್ತಿ ಮಾಹಿತಿ ಬರೆದುಕೊಳ್ಳುತ್ತಿದ್ದರೆ ನಮ್ಮದೇ ಮಕ್ಕಳು ಹೊಲದಲ್ಲಿದ್ದರು. ಶಾಲೆ ಇಲ್ಲವಲ್ಲ ಅಂತ ಹತ್ತಿದ ಕ್ರೂಸರ್ ಅದು. ಶಾಲೆ ತೆರೆದ ಮೇಲೆ ಇಳಿಯಲಾಗಲಿಲ್ಲ.

ಹಾಜರಿ ಈಗ ಶೇ. 68. ಸಂಕ್ರಾಂತಿ ನಂತರ ಒಂದು ದಿನವೂ ತಪ್ಪಿಸದೆ ಬಂದರೂ ಪರೀಕ್ಷೆಗೆ ಕೂರಲು ಬೇಕಾದ 75 ಮುಟ್ಟುವುದಿಲ್ಲ. ಎರಡು ಸಲ ಲೆಕ್ಕ ಹಾಕಿದೆ. ಈ ವರ್ಷದಿಂದ ಪಾಸಾಗಲು 625ಕ್ಕೆ 206 ಸಾಕು. ಅದು ಅವಳಿಗೆ ಏನೇನೂ ದೊಡ್ಡದಲ್ಲ. ಪರೀಕ್ಷೆ ಕೊಠಡಿಯವರೆಗೆ ತಲುಪುವುದೇ ದೊಡ್ಡದು.

ಸಂಜೆ ಸ್ಟಾಫ್ ರೂಮಿನಲ್ಲಿ ಈ ಮಾತು ತೆಗೆದೆ. ಒಬ್ಬರು, "ಹಾಜರಿ ಹಾಕಿಬಿಡೋಣ ಮೇಡಂ, ಯಾರು ನೋಡ್ತಾರ" ಅಂದರು. ಇನ್ನೊಬ್ಬರು ದನಿ ತಗ್ಗಿಸಿ, "ಕೊರತೆ ತೋರಿಸಿ ಬಿಟ್ಟುಬಿಡ್ರಿ, ಫಲಿತಾಂಶಕ್ಕೂ ಒಳ್ಳೇದು" ಅಂದರು. ಇಬ್ಬರೂ ಕೆಟ್ಟವರಲ್ಲ. 2024ರಲ್ಲಿ ನಮ್ಮ ಯಾದಗಿರಿ ಶೇ. 50.59 ತೆಗೆದು ರಾಜ್ಯಕ್ಕೇ ಕೊನೆಗೆ ನಿಂತಿತ್ತು. ಅಂದಿನಿಂದ ಪ್ರತಿ ಸಭೆಯಲ್ಲೂ ಶೇಕಡಾವಾರಿನದೇ ಮಾತು. ನೂರಕ್ಕೆ ಎಷ್ಟು ಅಂತ ಕೇಳುತ್ತಾರೆ. ಆ ನೂರರೊಳಗೆ ಯಾರನ್ನು ಬಿಟ್ಟಿರಿ ಅಂತ ಒಂದು ದಿನವಾದರೂ ಯಾರೂ ಕೇಳಿಲ್ಲ.

ಸಹ ಶಿಕ್ಷಕಿಯಾಗಿದ್ದ ಇಪ್ಪತ್ತೆರಡು ವರ್ಷ ಮಕ್ಕಳ ಹಾಜರಿ ಕೂಗಿದ್ದೇನೆ. ಆಗ ಅದು ಬರೀ ಹೆಸರು ಕರೆಯುವ ಕೆಲಸ. ಮುಖ್ಯ ಶಿಕ್ಷಕಿಯಾಗಿ ಬಡ್ತಿ ಸಿಕ್ಕ ದಿನ ನಮ್ಮವರು ಹಸಿರು ಶಾಯಿಯ ಪೆನ್ನು ತಂದುಕೊಟ್ಟಿದ್ದರು. ಅದೇ ಪೆನ್ನಿನಿಂದ ಸುಳ್ಳು ಹಾಜರಿಗೂ ಸಹಿ ಹಾಕಲಾರೆ, ಈ ಹುಡುಗಿಯ ಹೆಸರನ್ನೂ ಹೊಡೆಯಲಾರೆ.

ಮಧ್ಯಾಹ್ನ ಎಂಟನೇ ತರಗತಿಯಲ್ಲಿ ಒಂದು ಚಂದದ ಸಂಗತಿ ನಡೆಯಿತು, ಮರೆಯುವ ಮೊದಲು ಬರೆದಿಡುತ್ತೇನೆ. ಬೆಸಸಂಖ್ಯೆಗಳನ್ನು ಒಂದರಿಂದ ಕೂಡಿಸುತ್ತ ಹೋದರೆ ವರ್ಗಸಂಖ್ಯೆ ಯಾಕೆ ಬರುತ್ತದೆ ಅಂತ ಕೇಳಿದ್ದೆ. ಕೊನೇ ಸಾಲಿನ ಹುಡುಗ ಜೇಬಿನಿಂದ ಹುಣಸೆ ಬೀಜ ತೆಗೆದು ನೆಲದ ಮೇಲೆ ಒಂದು ಇಟ್ಟ, ಅದರ ಮೂಲೆಗೆ ಮೂರು, ಅದರ ಸುತ್ತ ಐದು. "ನೋಡ್ರಿ, ಚೌಕ ದೊಡ್ಡದಾತು." ಇಡೀ ತರಗತಿ ಬಗ್ಗಿ ನೋಡಿತು. ಕಚೇರಿಯಿಂದ ಎರಡು ಸಲ ಕರೆ ಬಂದರೂ ನಾನು ಏಳಲಿಲ್ಲ.

ಆಯಿಗೆ ಹಾಸ್ಟೆಲ್ ಮಾತು ಹೇಳಿ ನೋಡಿದೆ. "ಸಣ್ಣವರನ್ನ ಯಾರು ನೋಡ್ತಾರ್ರಿ? ನನ್ನ ಕಣ್ಣಾಗ ಹೂವು ಬಿದ್ದಾವ." ಆಮೇಲೆ ನಾನೇ, "ಹೋಗ್ಲಿ, ವಾರದಾಗ ನಾಕು ದಿನ ಕಳಿಸು" ಅಂದೆ. ಆಕೆ ಎರಡು ಅಂದಳು. ನಾನು ಮೂರಕ್ಕೆ ಇಳಿದೆ. "ಮಂಗಳವಾರ ಸಂತಿ, ಅವತ್ತು ಕ್ರೂಸರ್ ಬರೂದಿಲ್ಲ. ಅದೊಂದು ಖರೆ" ಅಂತ ಎದ್ದು ಹೋದಳು.

ಆಕೆ ಹೋದ ಮೇಲೆ ಹೊಳೆಯಿತು. ಹದಿನೈದು ವರ್ಷದ ಮಗುವಿನ ಓದನ್ನು ನಾನು ಸಂತೆಯಲ್ಲಿ ಬದನೆಕಾಯಿ ಕೇಳಿದ ಹಾಗೆ ಚೌಕಾಶಿಗಿಟ್ಟಿದ್ದೆ. ನಾಲ್ಕು, ಎರಡು, ಮೂರು. ಎದೆ ಭಾರವಾಗಿದೆ. ಊಟ ಸೇರಲಿಲ್ಲ.

ನಾಳೆ ಆರೂವರೆಗೆ ಅಗಸಿ ಹತ್ತಿರ ಹೋಗಬೇಕು. ಮೇಸ್ತ್ರಿಯ ಹತ್ತಿರ ಮಾತಾಡಬೇಕು. ಆದರೆ ಇವಳೊಬ್ಬಳನ್ನು ಇಳಿಸಿಕೊಂಡು ಬಂದರೆ ಆಯಿತೇ? ಆ ಗಾಡಿಯಲ್ಲಿ ಒಂಬತ್ತನೇ ತರಗತಿಯವರು ಮೂವರಿದ್ದಾರಂತೆ.