ಆರವ್ ಅಂದರೆ ಶಾಂತ ಅಲ್ಲ: ಹೆಸರುಗಳ ಪಟ್ಟಿ ಎಲ್ಲಿಗೆ ಬಂತು

ಕೊನೆಗೂ ಆರವ್ ಬಗೆಹರಿಯಿತು! ಮಕ್ಕಳಿಗೆ ಇಡುವ ಹೆಸರುಗಳ ಅರ್ಥ ಹುಡುಕಿ ನಾನು ಮಾಡುತ್ತಿರುವ ಪಟ್ಟಿಯಲ್ಲಿ ಮಳೆಗಾಲ ಪೂರ್ತಿ ಕೆಂಪು ಗುರುತು ಹಾಕಿಸಿಕೊಂಡು ಕೂತಿದ್ದ ಹೆಸರು ಇದು. ಆದಿತ್ಯ, ಆನಂದ, ಆಕಾಶ್ ಎಲ್ಲ ಸಲೀಸಾಗಿ ಹೋದವು. ಅವುಗಳ ಬಗ್ಗೆ ಬರೆಯೋಕೆ ಏನೂ ಇಲ್ಲ.

ಮಕ್ಕಳ ಹೆಸರಿನ ಪುಸ್ತಕ ಯಾವುದನ್ನೇ ತೆಗೆಯಿರಿ, ಆರವ್ ಅಂದರೆ 'ಶಾಂತ' ಅಂತ ಬರೆದಿರುತ್ತೆ. ನಿಘಂಟು ತೆಗೆದರೆ ಪೂರ್ತಿ ಉಲ್ಟಾ. ಮೋನಿಯರ್ ವಿಲಿಯಮ್ಸ್ ಅವರ 1899ರ ಸಂಸ್ಕೃತ ನಿಘಂಟಿನಲ್ಲಿ ಆರವ ಅಂದರೆ ಕೂಗು, ಸದ್ದು, ಗುಡುಗು. ಅಮರಕೋಶವಂತೂ ಶಬ್ದಕ್ಕಿರುವ ಪದಗಳ ಸಾಲಿನಲ್ಲೇ ಇದನ್ನು ಕೂರಿಸಿದೆ: 'ಆರವಾರಾವಸಂರಾವವಿರಾವಾಃ'. ಶಾಂತಿಯ ಸುಳಿವೇ ಇಲ್ಲ.

ಹಾಗಾದರೆ 'ಶಾಂತ' ಎಲ್ಲಿಂದ ಬಂತು? ಇಲ್ಲೇ ನಾನು ಸಿಕ್ಕಿಹಾಕಿಕೊಂಡಿದ್ದು. ಧಾತು 'ರು', ಅಂದರೆ ಸದ್ದು ಮಾಡು. ಅದರಿಂದ ರವ. ಹಕ್ಕಿಗಳ ಕಲರವ ಅಂತೀವಲ್ಲ, ಅದೇ ರವ. ರಾವಣನ ಹೆಸರಿನ ಕಥೆಯೂ ಇದೇ ಧಾತುವಿಗೆ ಬಂದು ನಿಲ್ಲುತ್ತೆ. ಕೈಲಾಸವನ್ನು ಎತ್ತಲು ಹೋದವನನ್ನು ಶಿವ ಕಾಲಬೆರಳಿನಿಂದ ಒತ್ತಿದಾಗ ಅವನು ಕೂಗಿದ ಕೂಗಿಗೆ ಲೋಕವೇ ನಡುಗಿತಂತೆ, ಹಾಗಾಗಿ ರಾವಣ.

ದಾರಿ ತೋರಿಸಿದ್ದು ನಮ್ಮ ಲಿಪಿಯೇ. ಇಂಗ್ಲಿಷ್ ಅಕ್ಷರಗಳನ್ನು ಬದಿಗಿಟ್ಟು ಕನ್ನಡದಲ್ಲಿ ಬರೆದು ನೋಡಿದೆ. 'ಅರವ', 'ಆರವ'. ಹ್ರಸ್ವ 'ಅ' ಬಂದರೆ ಇಲ್ಲ ಅನ್ನುವ ಅರ್ಥ, ಅಶಾಂತಿಯಲ್ಲಿ ಇದ್ದ ಹಾಗೆ, ಆಗ ಅರವ ಅಂದರೆ ಸದ್ದಿಲ್ಲದ್ದು. ದೀರ್ಘ 'ಆ' ಬೇರೆಯೇ ಉಪಸರ್ಗ, ಆಗಮನದಲ್ಲಿ ಇರುವುದು, ಅದಕ್ಕೆ ಇಲ್ಲ ಅನ್ನುವ ಅರ್ಥ ಬರುವುದೇ ಇಲ್ಲ. ಯಾರೋ ಇಂಗ್ಲಿಷ್ ಅಕ್ಷರದಲ್ಲಿ ಬರೆದ ಹೆಸರು ನೋಡಿ 'ಅ + ರವ' ಅಂತ ಬಿಡಿಸಿ, ಅರ್ಥ ಹ್ರಸ್ವದ್ದು, ಉಚ್ಚಾರಣೆ ದೀರ್ಘದ್ದು ಇಟ್ಟುಕೊಂಡಿದ್ದಾರೆ ಅಂತ ನನ್ನ ತೀರ್ಮಾನ. ಸದ್ದಿಲ್ಲದ ಹೆಸರೇ ಬೇಕು ಅನ್ನುವವರಿಗೆ ಒಳ್ಳೇ ಪದ ಮೊದಲೇ ಇದೆ: ನೀರವ. ನಿಃ + ರವ. ವಿಸರ್ಗ ಬಿದ್ದುಹೋಗಿ ಹಿಂದಿನ ಸ್ವರ ದೀರ್ಘ ಆಗಿದೆ, ನೀರಸ ಆದ ಹಾಗೆ.

ಅಷ್ಟೊಂದು ಪುಸ್ತಕಗಳಲ್ಲಿ ಒಂದೇ ಅರ್ಥ ಇದೆಯಲ್ಲ, ಎಲ್ಲರೂ ತಪ್ಪಾ ಅಂತ ಕೇಳುವವರಿಗೆ ಒಂದು ಮಾತು. ಓಲೆಗರಿ ಸಂಪಾದನೆ ಮಾಡುವವರ ಹಳೇ ಸೂತ್ರ ಇದೆ. ಎರಡು ಪ್ರತಿಗಳಲ್ಲಿ ಒಂದೇ ವಿಚಿತ್ರ ತಪ್ಪು ಇದ್ದರೆ ಎರಡೂ ಒಂದೇ ಮೂಲದಿಂದ ಬಂದಿರುತ್ತವೆ. ಕೌಟಿಲ್ಯನ ಅರ್ಥಶಾಸ್ತ್ರದ ಓಲೆಗರಿ ಸಿಕ್ಕಿದ ಪ್ರಾಚ್ಯವಿದ್ಯಾ ಸಂಶೋಧನಾಲಯ ಇರುವ ಮೈಸೂರಿನಲ್ಲಿ ಕೂತು ಇಷ್ಟಾದರೂ ಕಲಿಯಬೇಕಲ್ವಾ? ಅದಕ್ಕೇ ನನ್ನ ಪಟ್ಟಿಯಲ್ಲಿ ಹೆಸರಿನ ಪುಸ್ತಕಗಳು ಎಷ್ಟೇ ಇರಲಿ, ಎಲ್ಲ ಸೇರಿ ಒಂದೇ ಸಾಕ್ಷಿ.

ಪುಸ್ತಕ ಮಾರುವವರ ಬಗ್ಗೆಯೂ ಹೇಳಲೇಬೇಕು. ಕಿಟೆಲ್ ನಿಘಂಟಿನ ಮರುಮುದ್ರಣ ತರಿಸಿದೆ. ನ ಅಕ್ಷರದ ನಡುವೆ ಒಂದಷ್ಟು ಪುಟ ಪೂರ್ತಿ ಖಾಲಿ. ಫೋನ್ ಮಾಡಿದರೆ 'ಸಾರ್, ಸ್ಟಾಕ್ ಬಂದಿರೋದೇ ಹಾಗೆ' ಅಂದರು. ನಿಘಂಟಿನಲ್ಲಿ ಪುಟ ಖಾಲಿ ಬಿಟ್ಟು ಪೂರ್ತಿ ದುಡ್ಡು ತೆಗೆದುಕೊಳ್ಳುವುದು ನ್ಯಾಯವಲ್ಲ.

ಕಿಯಾರಾ ಬೇಗ ಮುಗಿಯಿತು, ಆದರೆ ತಮಾಷೆಯಾಗಿದೆ. ಇಟಲಿಯ ಹೆಸರು ಅಂದುಕೊಂಡರೆ ಬೆಳಕು, ತಿಳಿ. ಐರ್ಲೆಂಡಿನದು ಅಂದುಕೊಂಡರೆ ಕಪ್ಪು. ಎರಡನ್ನೂ ಬರೆದಿದ್ದೇನೆ, ಅಪ್ಪ ಅಮ್ಮ ಆರಿಸಿಕೊಳ್ಳಲಿ.

ಇದನ್ನೆಲ್ಲ ಮಂಡ್ಯದಲ್ಲಿರುವ ಅಕ್ಕನ ಮಗಳಿಗೆ ಹೇಳಿದೆ. ಅವಳ ಮಗು ಹುಟ್ಟಿದ್ದು ಕೃತ್ತಿಕಾ ನಕ್ಷತ್ರದ ಒಂದನೇ ಪಾದದಲ್ಲಿ, ಅದಕ್ಕೆ ಬರುವ ಅಕ್ಷರ 'ಅ', ಆರವ್ ಅಂತಲೇ ಗಟ್ಟಿಮಾಡಿದ್ದಳು. 'ಮಾವ, ರಾತ್ರಿಯೆಲ್ಲ ಇವನು ಕೂಗೋದು ನೋಡಿದರೆ ನಿಮ್ಮ ಅಮರಕೋಶವೇ ಸರಿ' ಅಂದಳು. ಹೆಸರು ಬದಲಾಯಿಸಲಿಲ್ಲ, ನನಗೂ ಅದು ಬೇಕಿರಲಿಲ್ಲ. ಗುಡುಗು ಅನ್ನುವ ಅರ್ಥ ಗಂಭೀರವಾಗಿದೆ, ಚೆನ್ನಾಗಿದೆ. ಗೊತ್ತಿದ್ದು ಇಡಲಿ ಅಷ್ಟೇ.

ಮುಂದಿನದು ವಿವಾನ್. ಕೃಷ್ಣನ ಹೆಸರು ಅಂತ ಬರೀತಾರೆ. ಸೂರ್ಯನ ಹೆಸರಾದ ವಿವಸ್ವಾನ್ ಜೊತೆ ಇಟ್ಟು ನೋಡಬೇಕು.

ಆದರೆ ಮನಸ್ಸು ಆಗಲೇ ಬೇರೆ ಕಡೆ ಓಡಿದೆ. ಮಂಡ್ಯ ಕಡೆಯ ಅಜ್ಜ ಅಜ್ಜಿಯರ ಹೆಸರುಗಳು, ನಿಂಗಮ್ಮ, ಮಾದಯ್ಯ, ಚಲುವಯ್ಯ, ಯಾವ ಪುಸ್ತಕದಲ್ಲೂ ಇರುವುದಿಲ್ಲ. ನಿಂಗ ಅಂದರೆ ಲಿಂಗ, ಮಾದ ಅಂದರೆ ಮಾದಪ್ಪ, ಚಲುವ ಅಂದರೆ ಮೇಲುಕೋಟೆಯ ಚೆಲುವನಾರಾಯಣ. ಇವಕ್ಕೂ ಊರು, ದೇವರು, ಅರ್ಥ ಸೇರಿಸಿ ಬೇರೆ ಪಟ್ಟಿ ಶುರು ಮಾಡುತ್ತಿದ್ದೇನೆ. ಶಾಸನಗಳ ಸಂಗ್ರಹವಾದ ಎಪಿಗ್ರಾಫಿಯಾ ಕರ್ನಾಟಿಕದ ಮಂಡ್ಯ ಜಿಲ್ಲೆಯ ಸಂಪುಟಗಳನ್ನು ಪಕ್ಕದಲ್ಲಿ ಇಟ್ಟುಕೊಂಡು ಶಾಸನಗಳಲ್ಲಿ ಬರುವ ಜನರ ಹೆಸರು ಹೆಕ್ಕಬೇಕು. ನಿಮ್ಮ ಮನೆಯ ಹಿರಿಯರ ಹೆಸರು, ಊರು, ಮನೆದೇವರು ಗೊತ್ತಿದ್ದರೆ ಕಳಿಸಿ. ಕನ್ನಡ ಲಿಪಿಯಲ್ಲೇ ಬರೆದು ಕಳಿಸಿ, ದಯವಿಟ್ಟು.